ಮೂಕಿ ಕಾಲದ ಕಡಲತೀರ: ಒಂದೇ ಸಂಜೆ ಸಿಕ್ಕರೆ ಯಾವುದನ್ನು ನೋಡಬೇಕು?

1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಸಿನಿಮಾ ಯಂತ್ರ ಕಟ್ಟಿದ ಫ್ರಾನ್ಸಿನ ಲೂಮಿಯೇರ್ ಸಹೋದರರ ಕಡೆಯವರು ಆರು ಪುಟ್ಟ ಚಿತ್ರಗಳನ್ನು ತೋರಿಸಿದರು. ಟಿಕೆಟ್ ಒಂದು ರೂಪಾಯಿ. ಆ ಆರರಲ್ಲಿ ರೈಲು ಬಂದು ನಿಲ್ಲುವ ಚಿತ್ರದ ಮಾತನ್ನು ಎಲ್ಲರೂ ಆಡುತ್ತಾರೆ. ಅದರ ಜೊತೆಗೇ ‘ಸಮುದ್ರ ಸ್ನಾನ’ ಎಂಬ ಇನ್ನೊಂದೂ ಇತ್ತು, ಅದನ್ನು ನೆನೆಯುವವರು ಕಡಿಮೆ. ಕರಾವಳಿಯಲ್ಲಿ ಬೆಳೆದ ನನ್ನಂಥವರಿಗೆ ಸಮುದ್ರ ಸ್ನಾನ ಅಂದರೆ ಅಮಾವಾಸ್ಯೆ. ಕರ್ಕಾಟಕ ಅಮಾವಾಸ್ಯೆಗೆ ಮರವಂತೆಯಲ್ಲಿ ಮಳೆಗಾಲದ ಅಬ್ಬರದ ಕಡಲಿಗೆ ಇಳಿದು, ಮುಳುಗೆದ್ದು, ವರಾಹಸ್ವಾಮಿಗೆ ಕೈಮುಗಿದು ಬರುವ ದಿನ. ಆ ಚಿತ್ರದಲ್ಲಿ ಇರುವುದೇ ಬೇರೆ. ಬೇಸಿಗೆ ರಜೆಯ ಹುಡುಗರು ಕಿರಿದಾದ ಹಲಗೆಯ ಮೇಲೆ ಓಡಿ ನೀರಿಗೆ ಹಾರುತ್ತಾರೆ, ಅಲೆಯ ಜೊತೆ ಗುದ್ದಾಡಿ ದಡ ಹತ್ತುತ್ತಾರೆ, ಮತ್ತೆ ಹಾರುತ್ತಾರೆ. ಕಡಲನ್ನು ಸುಮ್ಮನೆ ಸುಖಕ್ಕಾಗಿ ಬಳಸುವ ಜನರನ್ನು ಭಾರತದ ಪ್ರೇಕ್ಷಕರು ಪರದೆಯ ಮೇಲೆ ನೋಡಿದ್ದು ಹೀಗೆ ಶುರುವಾಯಿತು.

ಆ ಕಾಲದ ಕಡಲತೀರದ ಚಿತ್ರಗಳು ಈಗ ಮೊಬೈಲಿನಲ್ಲೇ ಸಿಗುತ್ತವೆ. ಹುಡುಕುವುದು ಸುಲಭ, ಆರಿಸುವುದು ಕಷ್ಟ. ಒಂದು ನಿಮಿಷಕ್ಕೂ ಚಿಕ್ಕವು ಇವೆ, ಕಾಲು ಗಂಟೆಗೆ ಸಮೀಪದವು ಇವೆ, ನಟರನ್ನಿಟ್ಟು ಮಾಡಿದ ಹಾಸ್ಯವಿದೆ, ಬಣ್ಣದ್ದೂ ಇದೆ. ಎಲ್ಲವನ್ನೂ ‘ಹಳೇ ಬೀಚ್ ವಿಡಿಯೋ’ ಎಂಬ ಒಂದೇ ಬುಟ್ಟಿಗೆ ತುಂಬಿಕೊಂಡು ಕೂತರೆ ಎರಡನೆಯದಕ್ಕೇ ಆಕಳಿಕೆ ಬರುತ್ತದೆ. ಹಾಗಾಗಿ ಐದು ತೀರಗಳನ್ನು ಅಕ್ಕಪಕ್ಕ ಇಟ್ಟು ನೋಡೋಣ: ಫ್ರಾನ್ಸಿನ ಲಾ ಸಿಯೋಟಾ, ಇಂಗ್ಲೆಂಡಿನ ಮೋರ್ಕ್ಯಾಂಬ್ ಮತ್ತು ಬ್ಲ್ಯಾಕ್‌ಪೂಲ್, ನ್ಯೂಯಾರ್ಕಿನ ಕೋನಿ ಐಲ್ಯಾಂಡ್, ಇಂಗ್ಲೆಂಡಿನದೇ ಆದ ಬ್ರೈಟನ್, ಕೊನೆಗೆ ಕ್ಯಾಲಿಫೋರ್ನಿಯ. ಅಳೆಯಲು ನಾನು ಇಟ್ಟುಕೊಂಡಿರುವ ಕೋಲು ಒಂದೇ. ತೀರದಲ್ಲಿದ್ದ ಜನ ಕ್ಯಾಮೆರಾವನ್ನು ಹೇಗೆ ಕಂಡರು? ಅದರ ಕಡೆ ನೋಡಲಿಲ್ಲವೇ, ನೋಡಿ ನಾಚಿದರೇ, ಅದಕ್ಕಾಗಿಯೇ ಬಂದರೇ, ಸಂಬಳಕ್ಕೆ ಅದರ ಮುಂದೆ ನಿಂತರೇ? ಬಿಡುವಿನ ಹೊತ್ತು ಎಷ್ಟು ನಿಜವಾಗಿ ಕಾಣುತ್ತದೆ ಎಂಬುದು ಇದರ ಮೇಲೆಯೇ ನಿಂತಿದೆ.

ಲಾ ಸಿಯೋಟಾ, 1895: ಒಂದೇ ನಿಮಿಷ ಇರುವವರಿಗೆ

ಲೂಮಿಯೇರರ ತಂದೆ ಆಂಟ್ವಾನ್ ಮೆಡಿಟರೇನಿಯನ್ ದಡದ ಈ ಊರಿನಲ್ಲಿ ದೊಡ್ಡ ಬೇಸಿಗೆ ಮನೆ ಮಾಡಿಕೊಂಡಿದ್ದರು. ಹಾಗಾಗಿ ‘ಸಮುದ್ರ ಸ್ನಾನ’ ಒಂದು ಶ್ರೀಮಂತ ಮನೆತನ ರಜೆ ಕಳೆಯುತ್ತಿದ್ದ ತೀರದ ಚಿತ್ರ. 1895ರ ಡಿಸೆಂಬರ್ 28ರಂದು ಪ್ಯಾರಿಸ್ಸಿನ ಗ್ರ್ಯಾಂಡ್ ಕೆಫೆಯಲ್ಲಿ ನಡೆದ ಹೆಸರಾಂತ ಪ್ರದರ್ಶನದ ಹತ್ತು ಚಿತ್ರಗಳಲ್ಲಿ ಇದೂ ಒಂದು. ಅವರ ಯಂತ್ರದ ತೂಕ ಸುಮಾರು 5 ಕಿಲೋ. ಅದೇ ಪೆಟ್ಟಿಗೆ ಚಿತ್ರ ತೆಗೆಯುತ್ತಿತ್ತು, ಪ್ರಿಂಟು ಹಾಕುತ್ತಿತ್ತು, ಪರದೆಗೂ ಬಿಡುತ್ತಿತ್ತು. ರಜೆಗೆ ಹೋಗುವಾಗ ಜೊತೆಗೆ ಒಯ್ಯಬಹುದಾದ ಕ್ಯಾಮೆರಾ ಅದು. ಅಮೆರಿಕದಲ್ಲಿ ಎಡಿಸನ್ ಕಂಪನಿಯ ಮೊದಲ ಯಂತ್ರ ಸ್ಟುಡಿಯೋ ಬಿಟ್ಟು ಅಲ್ಲಾಡದಷ್ಟು ಭಾರವಿತ್ತು. ಕಡಲತೀರ ಮೊದಲು ಫ್ರೆಂಚರ ಚಿತ್ರದಲ್ಲಿ ಬಂದುದಕ್ಕೆ ಇದೂ ಒಂದು ಕಾರಣ.

ಕ್ಯಾಮೆರಾ ಕದಲುವುದಿಲ್ಲ. ಹುಡುಗರು ಅದರ ಕಡೆ ತಿರುಗಿಯೂ ನೋಡುವುದಿಲ್ಲ. ‘ಹಾರಿ’ ಎಂದು ಯಾರೋ ಹೇಳಿರಬಹುದು ಅನ್ನಿಸಿದರೂ ಒಂದು ಅಲೆ ಹೊಡೆದ ಮೇಲೆ ಅದೆಲ್ಲ ಮರೆತುಹೋಗುತ್ತದೆ. ಅಲೆಗೆ ಅಭಿನಯ ಬರುವುದಿಲ್ಲವಲ್ಲ. ಕೊರತೆ ಅಂದರೆ ಆ ಒಂದು ಚೌಕಟ್ಟಿನ ಆಚೆ ಏನೂ ಗೊತ್ತಾಗುವುದಿಲ್ಲ. ಆ ಊರಿಗೆ ಬಂದವರು ಏನು ತಿಂದರು, ಎಲ್ಲಿ ಕೂತರು, ಯಾರ ಜೊತೆ ಹರಟಿದರು ಎಂಬುದನ್ನೆಲ್ಲ 17 ಮೀಟರ್ ಫಿಲ್ಮ್‌ನಲ್ಲಿ ಹಿಡಿಸುವಂತಿರಲಿಲ್ಲ. ಸಣ್ಣ ಮಕ್ಕಳಿಗೆ ತೋರಿಸುವುದಾದರೆ ಇದಕ್ಕಿಂತ ಒಳ್ಳೆಯದು ಇನ್ನೊಂದಿಲ್ಲ. ಅವರು ಮತ್ತೆ ಮತ್ತೆ ಹಾಕಿಸಿಕೊಂಡು ನೋಡುತ್ತಾರೆ.

ಇದೇ ಹೊತ್ತಿಗೆ ಬರ್ಟ್ ಏಕರ್ಸ್ ಎಂಬವರು ಇಂಗ್ಲೆಂಡಿನ ಡೋವರ್‌ನಲ್ಲಿ ಅಪ್ಪಳಿಸುವ ಅಲೆಗಳನ್ನು ಚಿತ್ರಿಸಿದ್ದರು. 1896ರ ಏಪ್ರಿಲ್‌ನಲ್ಲಿ ನ್ಯೂಯಾರ್ಕಿನಲ್ಲಿ ಅದನ್ನು ಕಂಡು ಜನ ಬೆರಗಾದರು. ಅದರಲ್ಲಿ ಕಡಲಿದೆ, ರಜೆಯಿಲ್ಲ. ನಮ್ಮ ಸಂಜೆಯ ಮಟ್ಟಿಗೆ ಬಿಡಬಹುದು.

ಮೋರ್ಕ್ಯಾಂಬ್ ಮತ್ತು ಬ್ಲ್ಯಾಕ್‌ಪೂಲ್, 1901–04: ನನ್ನ ಮೊದಲ ಮಣೆ ಇದಕ್ಕೆ

ಬ್ಲ್ಯಾಕ್‌ಬರ್ನ್ ಲ್ಯಾಂಕಶೈರಿನ ಹತ್ತಿಗಿರಣಿಗಳ ಊರು. ನಮ್ಮ ಅಜ್ಜಂದಿರು ‘ಮ್ಯಾಂಚೆಸ್ಟರ್ ಬಟ್ಟೆ’ ಎನ್ನುತ್ತಿದ್ದರಲ್ಲ, ಆ ಸೀಮೆ. ಅಲ್ಲಿ ಸೇಗರ್ ಮಿಚೆಲ್ ಮತ್ತು ಜೇಮ್ಸ್ ಕೆನ್ಯನ್ ಪಾಲುದಾರರಾಗಿ ಚಿತ್ರ ತೆಗೆಯುತ್ತಿದ್ದರು. ಅವರಿಂದ ಚಿತ್ರ ಮಾಡಿಸಿಕೊಳ್ಳುತ್ತಿದ್ದವರಲ್ಲಿ ಜಾತ್ರೆಗಳಲ್ಲಿ ಟೆಂಟು ಹಾಕಿ ಸಿನಿಮಾ ತೋರಿಸುವವರು ಬಹಳ ಮಂದಿ. ವ್ಯಾಪಾರದ ಸೂತ್ರ ಸರಳವಾಗಿತ್ತು. ಹಗಲು ಜನರನ್ನು ಚಿತ್ರಿಸಬೇಕು, ಆಮೇಲೆ ‘ಬನ್ನಿ, ನಿಮ್ಮನ್ನು ನೀವೇ ನೋಡಿಕೊಳ್ಳಿ’ ಎಂದು ಅದೇ ಜನರಿಗೆ ಟಿಕೆಟ್ ಮಾರಬೇಕು. ಚೌಕಟ್ಟಿನೊಳಗೆ ಎಷ್ಟು ಮುಖ ಬಿದ್ದರೆ ಅಷ್ಟು ಟಿಕೆಟ್.

ಈ ಲೆಕ್ಕಾಚಾರದಿಂದ ನಮಗೆ ಸಿಕ್ಕಿರುವ ಲಾಭ ದೊಡ್ಡದು. ಕಡಲು, ಸೂರ್ಯಾಸ್ತ, ದೋಣಿ ಇವುಗಳ ಚೆಂದಕ್ಕೆ ಸೋಲದೆ ಕ್ಯಾಮೆರಾ ಮುಖಗಳ ಎದುರು ನಿಂತಿತು. ಜಾಗ ಹೆಚ್ಚಾಗಿ ಪಿಯರ್. ಕಡಲಿನೊಳಕ್ಕೆ ಕಂಬಗಳ ಮೇಲೆ ಚಾಚಿಕೊಂಡ ಹಲಗೆಯ ಹಾಸು ಅದು. ನೋಡಿದರೆ ನಮ್ಮ ದಕ್ಕೆಯ ನೆನಪಾಗಬಹುದು, ಆದರೆ ಅಲ್ಲಿ ಮೀನಿನ ಬುಟ್ಟಿಗಳಿಲ್ಲ. ಕೆಲವಕ್ಕೆ ಸ್ಟೀಮರ್ ಬಂದು ತಾಗುತ್ತಿತ್ತಾದರೂ ಪಿಯರ್ ಇದ್ದದ್ದು ಅಡ್ಡಾಡುವುದಕ್ಕೆ, ಬ್ಯಾಂಡ್ ಕೇಳುವುದಕ್ಕೆ, ಗಾಳಿ ತಿನ್ನುವುದಕ್ಕೆ. ಮಲ್ಪೆಯ ಸೀವಾಕ್‌ನಲ್ಲಿ ಭಾನುವಾರ ಸಂಜೆ ಸುತ್ತಿದವರಿಗೆ ಬೇಗ ಅರ್ಥವಾಗುತ್ತದೆ. ಮೋರ್ಕ್ಯಾಂಬ್‌ನ ವೆಸ್ಟ್ ಎಂಡ್ ಪಿಯರ್ (1901), ಬ್ಲ್ಯಾಕ್‌ಪೂಲ್‌ನ ನಾರ್ತ್ ಪಿಯರ್ (1903), ವಿಕ್ಟೋರಿಯಾ ಪಿಯರ್ (1904): ಈ ಮೂರನ್ನು ಮಿಚೆಲ್ ಮತ್ತು ಕೆನ್ಯನ್ ಹೆಸರು ಸೇರಿಸಿ ಹುಡುಕಿ.

ನಡೆದು ಬರುತ್ತಿರುವವರು ಯಾರು ಎಂದು ತಿಳಿದರೆ ಚಿತ್ರದ ತೂಕವೇ ಬದಲಾಗುತ್ತದೆ. ಲ್ಯಾಂಕಶೈರಿನಲ್ಲಿ ‘ವೇಕ್ಸ್ ವಾರ’ ಎಂಬ ರೂಢಿಯಿತ್ತು. ಒಂದೊಂದು ಊರಿಗೆ ಒಂದೊಂದು ವಾರ. ಆ ವಾರ ಊರಿನ ಗಿರಣಿಗಳೆಲ್ಲ ಮುಚ್ಚುತ್ತಿದ್ದವು, ಊರಿಗೆ ಊರೇ ರೈಲು ಹತ್ತಿ ಕಡಲಿಗೆ ಹೋಗುತ್ತಿತ್ತು. ಅತ್ತ ಯಾರ್ಕ್‌ಶೈರಿನ ಬ್ರ್ಯಾಡ್‌ಫರ್ಡ್‌ನ ಉಣ್ಣೆ ಗಿರಣಿಯವರು ಎಷ್ಟು ಮಂದಿ ಬರುತ್ತಿದ್ದರೆಂದರೆ ಮೋರ್ಕ್ಯಾಂಬ್‌ಗೆ ‘ಕಡಲ ದಂಡೆಯ ಬ್ರ್ಯಾಡ್‌ಫರ್ಡ್’ ಎಂದೇ ಅಡ್ಡಹೆಸರು. ಆ ವಾರಕ್ಕೆ ಕೂಲಿ ಸಿಗುತ್ತಿರಲಿಲ್ಲ. ನಮ್ಮಲ್ಲಿ ಚೀಟಿ ಹಾಕುವಂತೆ ವರ್ಷವಿಡೀ ವಾರವಾರವೂ ಕೂಡಿಟ್ಟು, ಅದನ್ನು ಏಳು ದಿನದಲ್ಲಿ ಖರ್ಚು ಮಾಡುತ್ತಿದ್ದರು. ಇದನ್ನು ಮನಸ್ಸಿನಲ್ಲಿಟ್ಟುಕೊಂಡು ಆ ಟೋಪಿಗಳನ್ನು ನೋಡಿ. ಬರಿದಲೆಯಲ್ಲಿ ಇರುವವರನ್ನು ಹುಡುಕಬೇಕು. ಗಂಡಸರಿಗೆ ಕೋಟು, ವೇಸ್ಟ್‌ಕೋಟು, ಹೆಂಗಸರಿಗೆ ಕತ್ತಿನವರೆಗೆ ಗುಂಡಿ ಹಾಕಿದ ರವಿಕೆ, ನೆಲ ಗುಡಿಸುವ ಲಂಗ. ವರ್ಷವೆಲ್ಲ ಹತ್ತಿಯ ಧೂಳು ಕುಡಿದವರು ಒಂದು ವಾರ ಯಜಮಾನರಂತೆ ನಡೆಯುತ್ತಾರೆ, ಆ ನಡಿಗೆಗೆ ಒಂದು ಠೀವಿ ಇದೆ.

ನಮ್ಮ ಅಮ್ಮನಿಗೆ ಇದನ್ನು ತೋರಿಸಿದಾಗ ಅವರು ಕೇಳಿದ ಮೊದಲ ಮಾತು, “ಸಮುದ್ರಕ್ಕೆ ಬಂದವರು ಒಬ್ಬರೂ ಸಮುದ್ರ ನೋಡುವುದಿಲ್ಲವಲ್ಲ ಮಗಾ?” ನಿಜ. ಅವರೆಲ್ಲ ಒಬ್ಬರನ್ನೊಬ್ಬರು ನೋಡುತ್ತಿದ್ದಾರೆ, ಆಮೇಲೆ ಕ್ಯಾಮೆರಾವನ್ನು ನೋಡುತ್ತಿದ್ದಾರೆ. ದೊಡ್ಡವರು ಕಂಡೂ ಕಾಣದ ಹಾಗೆ ಹೋಗುತ್ತಾರೆ. ಹುಡುಗಿಯರು ಒಬ್ಬರ ತೋಳನ್ನೊಬ್ಬರು ಒತ್ತಿ ನಗುತ್ತಾರೆ. ಹುಡುಗರದ್ದೇ ಬೇರೆ ಕಥೆ. ಚೌಕಟ್ಟಿನಿಂದ ಒಮ್ಮೆ ಆಚೆ ಹೋದವನು ಹಿಂದಿನಿಂದ ಸುತ್ತಿಕೊಂಡು ಬಂದು ಮತ್ತೆ ಎದುರಿಗೆ ನಿಲ್ಲುತ್ತಾನೆ. ಈ ಇಬ್ಬರ ಚಿತ್ರಗಳಲ್ಲಿ ಇಂಥ ಹುಡುಗರನ್ನು ಗುರುತು ಹಿಡಿಯುವುದು ನನಗೆ ಬಿಡಲಾಗದ ಚಟವಾಗಿದೆ.

ಚಿತ್ರ ಇಷ್ಟು ಸ್ಪಷ್ಟವಾಗಿರುವುದಕ್ಕೂ ಒಂದು ಕಥೆಯಿದೆ. 1994ರಲ್ಲಿ ಬ್ಲ್ಯಾಕ್‌ಬರ್ನ್‌ನ ಹಳೆಯ ಅಂಗಡಿಯೊಂದನ್ನು ತೆರವು ಮಾಡುವಾಗ ನೆಲಮಾಳಿಗೆಯಲ್ಲಿ ಲೋಹದ ಡ್ರಮ್ಮುಗಳು ಸಿಕ್ಕಿದವು. ಒಳಗೆ ಸುಮಾರು 800 ಸುರುಳಿ ನೆಗೆಟಿವ್, ಒಟ್ಟು ಸುಮಾರು 28 ಗಂಟೆ. ಸ್ಥಳೀಯ ಇತಿಹಾಸಾಸಕ್ತ ಪೀಟರ್ ವರ್ಡನ್ ಅವುಗಳ ಬೆಲೆ ಅರಿತು ಫ್ರೀಜರ್‌ನಲ್ಲಿಟ್ಟು ಕಾಪಾಡಿದರು. ಹಳೆಯ ನೈಟ್ರೇಟ್ ಫಿಲ್ಮ್ ಬೆಚ್ಚಗಿನ ಜಾಗದಲ್ಲಿ ಬೇಗ ಕೊಳೆಯುತ್ತದೆ, ಸುಲಭವಾಗಿ ಬೆಂಕಿಯನ್ನೂ ಹಿಡಿಯುತ್ತದೆ. 2000ದಲ್ಲಿ ಎಲ್ಲವೂ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಸೇರಿದವು. ಪ್ರಿಂಟಿನಿಂದ ಪ್ರಿಂಟು ತೆಗೆದು ಮಸುಕಾದ ಚಿತ್ರಗಳ ನಡುವೆ ಇವು ಎದ್ದು ಕಾಣುವುದು ಕ್ಯಾಮೆರಾದೊಳಗೆ ಓಡಿದ ಮೂಲ ನೆಗೆಟಿವ್‌ಗಳೇ ಉಳಿದುಕೊಂಡದ್ದರಿಂದ.

ಕೋನಿ ಐಲ್ಯಾಂಡ್, 1903–05: ಗದ್ದಲ ಇಷ್ಟಪಡುವವರಿಗೆ

ಅಡ್ಡಾಡುವುದನ್ನು ನೋಡುತ್ತಾ ಕೂರಲಾರೆ, ಏನಾದರೂ ನಡೆಯಬೇಕು ಎನ್ನುವವರು ನ್ಯೂಯಾರ್ಕಿಗೆ ಬನ್ನಿ. ಎಡಿಸನ್ ಕಂಪನಿಗಾಗಿ ಎಡ್ವಿನ್ ಪೋರ್ಟರ್ 1903ರಲ್ಲಿ ಮಾಡಿದ ‘ರೂಬ್ ಅಂಡ್ ಮ್ಯಾಂಡಿ ಅಟ್ ಕೋನಿ ಐಲ್ಯಾಂಡ್’ನಲ್ಲಿ ಹಳ್ಳಿಯಿಂದ ಬಂದ ಜೋಡಿಯೊಂದು ಸ್ಟೀಪಲ್‌ಚೇಸ್ ಪಾರ್ಕನ್ನೂ ಅದೇ ವರ್ಷ ಮೇ 16ರಂದು ಬಾಗಿಲು ತೆರೆದಿದ್ದ ಲೂನಾ ಪಾರ್ಕನ್ನೂ ಸುತ್ತುತ್ತದೆ. ಜಾರುಬಂಡೆ, ದೋಣಿಯಲ್ಲಿ ಕೂತು ನೀರಿಗೆ ರಭಸದಿಂದ ಇಳಿಯುವ ಆಟ, ಒಂಟೆ ಸವಾರಿ, ಬೀಳು, ಏಳು. ಕೊನೆಗೆ ಇಬ್ಬರೂ ಕ್ಯಾಮೆರಾಕ್ಕೆ ಮುಖ ಕೊಟ್ಟು ಸಾಸೇಜು ತಿನ್ನುತ್ತಾರೆ, ಹತ್ತಿರದಿಂದ. ಸುಮಾರು ಹದಿಮೂರು ನಿಮಿಷ. ಆ ಕಾಲಕ್ಕೆ ಬಹಳ ಉದ್ದ.

ಜೋಡಿ ನಟರದ್ದು, ಜೋಕುಗಳೂ ಅಂದಿನ ನಾಟಕಶಾಲೆಯ ಸರಕು. ಪಟ್ಟಣಕ್ಕೆ ಬಂದ ಹಳ್ಳಿಗನನ್ನು ನೋಡಿ ನಗುವುದು ನನಗೆ ರುಚಿಸುವುದಿಲ್ಲ. ಆದರೂ ಇದನ್ನು ಬಿಡಬೇಡಿ ಎನ್ನುತ್ತೇನೆ, ಅವರಿಬ್ಬರ ಹಿಂದಿರುವ ಜನರಿಗಾಗಿ. ಅವರು ದುಡ್ಡು ಕೊಟ್ಟು ಬಂದ ನಿಜವಾದ ನ್ಯೂಯಾರ್ಕಿಗರು. ನಟರು ಬಿದ್ದಾಗ ಅವರು ನಗುವ ನಗು ನಿಜವಾದದ್ದು, ಕ್ಯಾಮೆರಾದ ಕಡೆ ಕಳ್ಳನೋಟ ಹಾಯಿಸುವುದೂ ನಿಜವೇ. ಮೊದಲ ಸಲ ಜೋಡಿಯನ್ನು ನೋಡಿ, ಎರಡನೇ ಸಲ ಜೋಡಿಯನ್ನು ಪೂರಾ ಬಿಟ್ಟು ಹಿನ್ನೆಲೆಯನ್ನು ನೋಡಿ.

1905ರಲ್ಲಿ ಪೋರ್ಟರ್ ರಾತ್ರಿಯ ಕೋನಿ ಐಲ್ಯಾಂಡ್ ತೆಗೆದರು. ಕತ್ತಲಿನಲ್ಲಿ ವಿದ್ಯುದ್ದೀಪಗಳ ಗೋಪುರಗಳು, ಸಾಲುಗಳು, ನಿಧಾನಕ್ಕೆ ಹೊರಳುವ ಕ್ಯಾಮೆರಾ. ಅಂದಿನ ಫಿಲ್ಮ್‌ಗೆ ರಾತ್ರಿಯನ್ನು ಹಿಡಿಯುವ ಶಕ್ತಿ ತೀರಾ ಕಡಿಮೆಯಿತ್ತು ಎಂಬುದನ್ನು ನೆನೆದರೆ ಇದೊಂದು ಸಾಹಸ. ಅದರಲ್ಲಿ ಬೆಳಗುವ ಡ್ರೀಮ್‌ಲ್ಯಾಂಡ್ ಎಂಬ ಇನ್ನೊಂದು ಆಟದ ಪಾರ್ಕು 1911ರ ಮೇ ತಿಂಗಳಲ್ಲಿ ಸುಟ್ಟು ಬೂದಿಯಾಯಿತು. ದಸರಾ ದೀಪಾಲಂಕಾರ ನೋಡಲು ಹೋಗುವ ಮನಸ್ಸಿನವರಿಗೆ ಈ ನಾಲ್ಕು ನಿಮಿಷ ಹಿಡಿಸುತ್ತದೆ.

ಎರಡನ್ನೂ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ತನ್ನ ಜಾಲತಾಣದಲ್ಲಿ ಉಚಿತವಾಗಿ ಇಟ್ಟಿದೆ. ಚಿತ್ರ ಒರಟಾಗಿ ಕಂಡರೆ ಬೇಸರಪಡಬೇಡಿ. 1912ರವರೆಗೆ ಅಮೆರಿಕದ ಕಾನೂನಿನಲ್ಲಿ ಸಿನಿಮಾಕ್ಕೆ ಅಂತಲೇ ಹಕ್ಕುಸ್ವಾಮ್ಯ ಇರಲಿಲ್ಲ, ಛಾಯಾಚಿತ್ರಗಳಿಗೆ ಇತ್ತು. ಅದಕ್ಕಾಗಿ ಕಂಪನಿಗಳು ಇಡೀ ಚಿತ್ರವನ್ನು ಕಾಗದದ ಸುರುಳಿಯ ಮೇಲೆ ಅಚ್ಚು ಹಾಕಿ ಸರ್ಕಾರಕ್ಕೆ ಒಪ್ಪಿಸುತ್ತಿದ್ದವು. ಫಿಲ್ಮ್‌ಗಳು ಕೊಳೆತವು, ಸುಟ್ಟವು; ಕಾಗದ ಉಳಿಯಿತು. ಹೀಗೆ ಕಾಗದದಿಂದ ಮರಳಿ ಫಿಲ್ಮ್‌ಗೆ ಬಂದ ಚಿತ್ರಗಳು ಸಾವಿರಾರಿವೆ. ಬ್ಲ್ಯಾಕ್‌ಬರ್ನ್‌ನ ನೆಗೆಟಿವ್‌ನ ಹೊಳಪನ್ನು ಕಾಗದದಿಂದ ನಿರೀಕ್ಷಿಸುವಂತಿಲ್ಲ.

ಬ್ರೈಟನ್, 1908: ನೀಲಿ ಇಲ್ಲದ ಬಣ್ಣದ ಕಡಲು

ಜಾರ್ಜ್ ಆಲ್ಬರ್ಟ್ ಸ್ಮಿತ್ ಬ್ರೈಟನ್ ಪಕ್ಕದ ಹೋವ್‌ನಲ್ಲಿ ಜನರಿಗೆ ವಿಹಾರದ ತೋಟವೊಂದನ್ನು ನಡೆಸುತ್ತಿದ್ದವರು. ಬಿಡುವಿನ ಹೊತ್ತಿನಲ್ಲಿ ಜನ ಏನು ಬಯಸುತ್ತಾರೆ ಎಂಬುದು ಅವರಿಗೆ ಹೊಟ್ಟೆಪಾಡಿನ ವಿದ್ಯೆಯೇ ಆಗಿತ್ತು. ಚಾರ್ಲ್ಸ್ ಅರ್ಬನ್ ಎಂಬ ನಿರ್ಮಾಪಕರ ಬೆಂಬಲದಿಂದ ಅವರು ಕಂಡುಹಿಡಿದದ್ದು ಕಿನೆಮಾಕಲರ್ ಎಂಬ ಬಣ್ಣದ ಸಿನಿಮಾ ವಿಧಾನ. 1908ರ ‘ಎ ವಿಸಿಟ್ ಟು ದಿ ಸೀಸೈಡ್’ ಆ ವಿಧಾನದ ಮೊದಮೊದಲ ಚಿತ್ರಗಳಲ್ಲೊಂದು, ಸುಮಾರು ಎಂಟು ನಿಮಿಷ. ನೀರಿನಲ್ಲಿ ಕಾಲಾಡಿಸುವ ಮಕ್ಕಳು, ಸ್ನಾನಕ್ಕೆ ಬಂದ ಹೆಂಗಸರು, ತೀರದ ಗಲಾಟೆ.

ವಿಧಾನ ತಿಳಿದುಕೊಂಡು ನೋಡಿದರೆ ಸೊಗಸು ಹೆಚ್ಚು. ಫಿಲ್ಮ್ ಕಪ್ಪು ಬಿಳುಪಿನದೇ. ಕ್ಯಾಮೆರಾದ ಮುಂದೆ ಕೆಂಪು ಮತ್ತು ಹಸಿರು ಗಾಜಿನ ಚಕ್ರ ತಿರುಗುತ್ತದೆ. ಫಿಲ್ಮ್‌ನ ಒಂದು ಚೌಕಟ್ಟು, ಅಂದರೆ ಒಂದು ಫ್ರೇಮ್, ಕೆಂಪಿನ ಮೂಲಕ, ಮುಂದಿನದು ಹಸಿರಿನ ಮೂಲಕ. ತೋರಿಸುವಾಗಲೂ ಅಂಥದೇ ಚಕ್ರ ತಿರುಗಬೇಕು, ಸೆಕೆಂಡಿಗೆ 32 ಚೌಕಟ್ಟು ಓಡಬೇಕು. ಅಂದರೆ ಸಾಮಾನ್ಯಕ್ಕಿಂತ ಎರಡು ಪಟ್ಟು. ಬಣ್ಣ ಕೂಡುವುದು ನೋಡುವವರ ಕಣ್ಣಿನಲ್ಲಿ. ಗಾಜು ಬೆಳಕನ್ನು ನುಂಗುವುದರಿಂದ ಪ್ರಖರವಾದ ಬಿಸಿಲು ಬೇಕು, ಅದಕ್ಕೆ ಬೇಸಿಗೆಯ ಕಡಲತೀರಕ್ಕಿಂತ ಒಳ್ಳೆಯ ಜಾಗ ಯಾವುದು? ಆದರೆ ಎರಡೇ ಬಣ್ಣದಿಂದ ನೀಲಿ ಹುಟ್ಟುವುದಿಲ್ಲ. ಚರ್ಮದ ಬಣ್ಣ, ಮರಳು, ಇಟ್ಟಿಗೆ, ಕೆಂಪು ಬಟ್ಟೆ ಎಲ್ಲ ಮನಸ್ಸು ತುಂಬುವಂತೆ ಬಂದಿವೆ, ಕಡಲು ಮತ್ತು ಆಕಾಶಕ್ಕೆ ಮಾತ್ರ ತಮ್ಮ ಬಣ್ಣ ದಕ್ಕಿಲ್ಲ. ಮುಂದೆ ಪೇಟೆಂಟ್ ವ್ಯಾಜ್ಯ ಬಂದಾಗ ಈ ನೀಲಿಯ ಮಾತೇ ಮುಳುವಾಗಿ, 1914ರಲ್ಲಿ ಪೇಟೆಂಟ್ ಬಿದ್ದುಹೋಯಿತು. ಬೇಗ ಓಡುವವರ ಅಂಚಿನಲ್ಲಿ ಕೆಂಪು, ಹಸಿರು ಗೆರೆ ಕಾಣುವುದೂ ಇದರದ್ದೇ ಗುಣ. ಕೆಂಪಿನಲ್ಲಿ ಹಿಡಿದ ಮಗು ಹಸಿರಿನ ಹೊತ್ತಿಗೆ ಒಂದು ಹೆಜ್ಜೆ ಮುಂದೆ ಹೋಗಿರುತ್ತದೆ. 1911ರ ದೆಹಲಿ ದರ್ಬಾರನ್ನು ಅರ್ಬನ್ ಚಿತ್ರಿಸಿದ್ದೂ ಇದೇ ವಿಧಾನದಲ್ಲಿ ಎಂದರೆ ನಮಗೂ ಇದರ ನಂಟಿದೆ ಅಂತಾಯಿತು.

ಬಣ್ಣ ಮುಖ್ಯವಾದವರು, ಅಂದಿನ ಬಟ್ಟೆಯ ಬಣ್ಣ ತಿಳಿಯಬೇಕೆನ್ನುವವರು ಇದನ್ನು ಆರಿಸಿ. ಸಹಜತೆಯಲ್ಲಿ ಮೋರ್ಕ್ಯಾಂಬ್‌ಗೆ ಇದು ಸಮ ಬರುವುದಿಲ್ಲ. ಬಣ್ಣವನ್ನು ಮೆರೆಸಬೇಕೆಂಬ ಆಸೆ ತೆಗೆದವರಿಗೆ ಇತ್ತು, ಅದು ಚೌಕಟ್ಟಿನಲ್ಲಿ ಕಾಣುತ್ತದೆ.

ಕ್ಯಾಲಿಫೋರ್ನಿಯ, 1914–15: ನಗಬೇಕೆನ್ನುವವರಿಗೆ

1915ರ ‘ಬೈ ದಿ ಸೀ’ಯಲ್ಲಿ ಚಾಪ್ಲಿನ್ ಕಡಲದಂಡೆಗೆ ಬರುತ್ತಾರೆ. ಬಾಳೆಹಣ್ಣಿನ ಸಿಪ್ಪೆ, ಗಾಳಿಗೆ ಹಾರದಂತೆ ದಾರ ಕಟ್ಟಿದ ಎರಡು ಟೋಪಿ, ಆ ದಾರಗಳ ಗೋಜಲು, ಹೊಡೆದಾಟ. ಚೆನ್ನಾಗಿದೆ, ಆದರೆ ಅಲ್ಲಿ ಕಡಲತೀರ ಬರೀ ಹಿನ್ನೆಲೆ. ನಾನು ಕೊಡುವ ಸಲಹೆ ಅದಕ್ಕಿಂತ ಒಂದು ವರ್ಷ ಹಿಂದಿನದು, 1914ರ ಫೆಬ್ರುವರಿ 7ರಂದು ಬಿಡುಗಡೆಯಾದ ‘ಕಿಡ್ ಆಟೋ ರೇಸಸ್ ಅಟ್ ವೆನಿಸ್’. ಈ ವೆನಿಸ್ ಕ್ಯಾಲಿಫೋರ್ನಿಯದ ಕಡಲ ವಿಹಾರದ ಊರು. ಮಕ್ಕಳ ಕಾರು ಪಂದ್ಯ ನೋಡಲು ನಿಜವಾದ ಜನ ನೆರೆದಿದ್ದಾರೆ. ಟೋಪಿ, ಬೆತ್ತ, ದೊಗಳೆ ಪ್ಯಾಂಟಿನ ಆ ವೇಷವನ್ನು ಪ್ರೇಕ್ಷಕರು ಪರದೆಯ ಮೇಲೆ ಕಂಡದ್ದು ಇದರಲ್ಲೇ ಮೊದಲು. ಎದುರಿಗೆ ನಿಂತ ಜನಕ್ಕೆ ಇವನು ಯಾರೆಂದೇ ಗೊತ್ತಿಲ್ಲ. ಕಥೆ ಇಷ್ಟೇ: ಪಂದ್ಯವನ್ನು ಚಿತ್ರಿಸುವ ಕ್ಯಾಮೆರಾದ ಎದುರಿಗೆ ಇವನು ಬಂದು ನಿಲ್ಲುತ್ತಾನೆ, ತಳ್ಳುತ್ತಾರೆ, ಮತ್ತೆ ಬರುತ್ತಾನೆ. ಪಿಯರಿನ ಮೇಲೆ ಸುತ್ತು ಹಾಕಿ ಬರುತ್ತಿದ್ದ ಹುಡುಗ ನೆನಪಾಗುತ್ತಾನೆ.

ನೋಡುವ ಮುನ್ನ ಎರಡು ಮಾತು

ಜನ ಗೊಂಬೆಗಳಂತೆ ಓಡಾಡಿದರೆ ತಪ್ಪು ಅವರದಲ್ಲ. ಅಂದಿನ ಕ್ಯಾಮೆರಾವನ್ನು ಕೈಯಿಂದ ತಿರುಗಿಸುತ್ತಿದ್ದರು, ಸೆಕೆಂಡಿಗೆ ಸುಮಾರು 16 ಚೌಕಟ್ಟು. ಅದನ್ನು 24ರ ವೇಗದಲ್ಲಿ ಬಿಟ್ಟರೆ ನಡಿಗೆ ಕುಣಿತವಾಗುತ್ತದೆ. ಯೂಟ್ಯೂಬಿನಲ್ಲಿ ವೇಗವನ್ನು 0.75ಕ್ಕೆ ಇಳಿಸಿ, ಮನುಷ್ಯರು ಮನುಷ್ಯರಾಗುತ್ತಾರೆ. ಕಂಪ್ಯೂಟರಿನಿಂದ ಬಣ್ಣ ಬಳಿದು, ಚೌಕಟ್ಟುಗಳ ನಡುವೆ ಇಲ್ಲದ ಚೌಕಟ್ಟು ತುಂಬಿ, ಅಲೆಯ ಸದ್ದು ಸೇರಿಸಿದ ಆವೃತ್ತಿಗಳನ್ನು ದಯವಿಟ್ಟು ಮೊದಲು ನೋಡಬೇಡಿ. ಆ ಲಂಗದ ಬಣ್ಣ ಯಂತ್ರದ ಊಹೆ. ಕಿನೆಮಾಕಲರ್‌ನ ಬಣ್ಣ ಹಾಗಲ್ಲ, ಅಂದಿನ ಬಿಸಿಲು ಗಾಜಿನ ಮೂಲಕ ಹಾದು ಬರೆದ ಗುರುತು ಅದು. ನೀಲಿ ಇಲ್ಲದಿದ್ದರೂ ನಾನು ಅದನ್ನೇ ನಂಬುತ್ತೇನೆ.

ಒಂದೇ ಚಿತ್ರಕ್ಕೆ ಸಮಯವಿದ್ದರೆ ವೆಸ್ಟ್ ಎಂಡ್ ಪಿಯರ್. ಅರ್ಧ ಗಂಟೆ ಇದ್ದರೆ ಲಾ ಸಿಯೋಟಾದಿಂದ ಶುರುಮಾಡಿ, ಬ್ರೈಟನ್ ನೋಡಿ, ಆಮೇಲೆ ಮೋರ್ಕ್ಯಾಂಬ್, ಅದರ ಬೆನ್ನಿಗೇ ವೆನಿಸ್. ವರ್ಷಗಳ ಕ್ರಮ ತಪ್ಪಿದರೂ ಪರವಾಗಿಲ್ಲ. ಕೋನಿ ಐಲ್ಯಾಂಡನ್ನು ಇನ್ನೊಂದು ದಿನಕ್ಕೆ, ಮನೆ ತುಂಬ ಜನ ಇರುವಾಗ ಇಟ್ಟುಕೊಳ್ಳಿ. ಮೋರ್ಕ್ಯಾಂಬ್ ಮುಗಿದ ಮೇಲೆ ಚಹಾ ಕಾಯಿಸಲು ಏಳಬೇಡಿ. ಪಿಯರಿನ ಆ ಹುಡುಗನ ಮುಖ ಕಣ್ಣಲ್ಲಿ ಇರುವಾಗಲೇ ದೊಗಳೆ ಪ್ಯಾಂಟಿನವನು ಕ್ಯಾಮೆರಾದ ಎದುರು ಬರಬೇಕು.